ಶಾಂತಕ್ಕ ಕೇಳಿದ ನಗು

ಹೋದ ತಿಂಗಳು ಶಿಕಾರಿಪುರದ ನಾಟಕದ ಹುಡುಗರು ನಾಲ್ಕೈದು ಜನ ಸೊರಬದ ನಮ್ಮ ಮನೆಗೆ ಬಂದಿದ್ದರು. ಸಿನಿಮಾ, ಸೀರಿಯಲ್ಲು ಎಂದು ಹೊರಟು ನಿಂತವರು. "ಸರ್, ಮೂವತ್ತು ವರ್ಷ ಪೋಷಕ ನಟ ಆಗಿದ್ರಿ. ಫೀಲ್ಡು ಹೆಂಗಿರ್ತತಿ, ನಮಗೂ ನಾಲ್ಕು ಮಾತು ಹೇಳ್ರಿ" ಅಂದರು. ನಾನು ಎರಡು ತಮಾಷೆ ಹೇಳಿ, ನಗಿಸಿ, ಚಹಾ ಕುಡಿಸಿ ಕಳಿಸಿದೆ. ಅವರು ಗೇಟು ದಾಟಿದ ಮೇಲೆ ನನಗೇ ಅಸಹ್ಯವಾಯಿತು. ಕೇಳಿದ್ದಕ್ಕೆ ನಾನು ಉತ್ತರವನ್ನೇ ಕೊಟ್ಟಿರಲಿಲ್ಲ. ಅದಕ್ಕೇ ಈಗ ಬರೆಯುತ್ತಿದ್ದೇನೆ.

ಸನ್ಮಾನ, ಶಾಲು, ಫಲಕಗಳ ವಿಷಯ ಇದರಲ್ಲಿ ಇಲ್ಲ. ಅವೆಲ್ಲ ಟ್ರಂಕಿನಲ್ಲಿವೆ, ಜಿರಲೆಗಳಿಗೆ ಬಿಟ್ಟಿದ್ದೇನೆ. ಇದರಲ್ಲಿ ಇರುವುದು ಮುಖ್ಯವಾಗಿ ಒಂದು ನಗುವಿನ ಸಮಾಚಾರ. ಅದನ್ನು ತಂದುಕೊಡು ಎಂದು ತೊಗರ್ಸಿ ಹತ್ತಿರದ ಶಾಂತಕ್ಕ ಎಂಬುವರು ಎರಡು ವರ್ಷ ನನ್ನನ್ನು ಕೇಳಿದರು. ನನ್ನ ಹತ್ತಿರ ಅದು ಇರಲಿಲ್ಲ. ಇಲ್ಲ ಎಂದು ಹೇಳುವ ಧೈರ್ಯವೂ ಇರಲಿಲ್ಲ.

ಮೊದಲು ನಮ್ಮ ಕೆಲಸ ಏನು ಎಂದು ಹೇಳುತ್ತೇನೆ. ಕಥೆಯಲ್ಲಿ ಯಾರಾದರೊಬ್ಬರು ಸಾಯಬೇಕು, ಯಾರಾದರೊಬ್ಬರು ಆ ಸುದ್ದಿ ಹೇಳಬೇಕು. ಇವೆರಡಕ್ಕೂ ಹೀರೋ ಬೇಕಾಗುವುದಿಲ್ಲ, ನಮ್ಮಂಥವರು ಸಾಕು. ಶಾಂತಕ್ಕನ ಯಜಮಾನರು ವೀರಣ್ಣ ಸಾಯುವವರು. ಹೀರೋನ ತಂದೆ, ಹೀರೋಯಿನ್ನಿನ ತಾತ, ಊರ ಗೌಡ, ಯಾವ ಪಾತ್ರ ಕೊಟ್ಟರೂ ಇಂಟರ್‌ವಲ್ ಒಳಗೆ ಅವರ ಕಥೆ ಮುಗಿಯುತ್ತಿತ್ತು. ನಾನು ಸುದ್ದಿ ಹೇಳುವವನು. ಡಾಕ್ಟರು, ಪೊಲೀಸು, ವಕೀಲ. ಅದರಲ್ಲೂ ಡಾಕ್ಟರು ಹೆಚ್ಚು. ಕನ್ನಡಕ ಹಾಕಿಕೊಂಡರೆ ನನ್ನ ಮುಖ ಓದಿದವನ ಹಾಗೆ ಕಾಣುತ್ತದಂತೆ. ಓದಿದ್ದು ಮಾತ್ರ ಎಸ್ಸೆಸ್ಸೆಲ್ಸಿ, ಅದೂ ಎರಡನೇ ಸಲಕ್ಕೆ.

ಮೊದಲ ಸಲ ಡಾಕ್ಟರಾದಾಗ ಒಂದು ಫಜೀತಿಯಾಯಿತು. ಆ ಸಿನಿಮಾ ಸೊರಬದ ಟಾಕೀಸಿಗೆ ಬಂದಾಗ ನಮ್ಮೂರಿನ ಹಳೇ ಕಾಂಪೌಂಡರು ಒಬ್ಬರು ನೋಡಿ, ಮಾರನೇ ದಿನ ಬಸ್‌ಸ್ಟ್ಯಾಂಡಿನಲ್ಲಿ ಎಲ್ಲರೆದುರಿಗೇ ಹಿಡಿದುಕೊಂಡರು. "ಎಂತ ಮಾರಾಯ, ನೀನು ಆ ಮುದುಕಂಗೆ ಬಳೆ ತೊಡಿಸ್ತಿದ್ಯಾ, ನಾಡಿ ನೋಡ್ತಿದ್ಯಾ?" ನಾನು ಮಣಿಕಟ್ಟನ್ನು ಮುಷ್ಟಿಯಲ್ಲಿ ಹಿಡಿದಿದ್ದೆ. ಅವರು ಅಲ್ಲೇ ಕಲ್ಲುಬೆಂಚಿನ ಮೇಲೆ ನನ್ನನ್ನು ಕೂರಿಸಿ, ಹೆಬ್ಬೆರಳಿನ ಬುಡದ ಕೆಳಗೆ ಮೂರು ಬೆರಳು ಹೇಗೆ ಇಡಬೇಕು, ಎಷ್ಟು ಒತ್ತಬೇಕು ಎಂದು ತೋರಿಸಿಕೊಟ್ಟರು. ಅವತ್ತಿನಿಂದ ನಾನು ನಾಡಿ ಹಿಡಿದಂತೆ ನಟಿಸಿದ್ದೇ ಇಲ್ಲ. ಪ್ರತಿ ಶಾಟಿನಲ್ಲೂ ನಿಜವಾಗಿ ಹುಡುಕಿ ಹಿಡಿಯುತ್ತಿದ್ದೆ. ಪರದೆಯ ಮೇಲೆ ಗುಡುಗುವ ಒಬ್ಬ ಖಳನಟನ ನಾಡಿ, ಡೈಲಾಗಿಗೆ ಮುಂಚೆ ಆಡಿನ ಮರಿಯ ಹಾಗೆ ಕುಣಿಯುತ್ತಿತ್ತು. ಎದುರಿಗಿರುವವರ ಹೆದರಿಕೆ ಅವರಿಗಿಂತ ಮೊದಲು ನನಗೆ ಗೊತ್ತಾಗುತ್ತದೆ ಎಂದು ಒಳಗೊಳಗೇ ಜಂಬಪಡುತ್ತಿದ್ದೆ. ಹಾಗೆ ಗೊತ್ತಾಗುವುದೇ ಮುಂದೆ ನನಗೆ ಮುಳುವಾಯಿತು.

ಇನ್ನೊಂದು ಪಾಠವನ್ನೂ ಹೇಳಬೇಕು. ಅದು ರೀಲಿನ ಕಾಲ. ಕ್ಯಾಮೆರಾ ಓಡಿದರೆ ಫಿಲ್ಮು ಓಡುತ್ತಿತ್ತು, ಫಿಲ್ಮೆಂದರೆ ನಿರ್ಮಾಪಕನ ರಕ್ತ. ನಾನಿನ್ನೂ ಹೊಸಬ, ಕಾನ್‌ಸ್ಟೇಬಲ್ ವೇಷ. ನಾಯಕಿ ದೀಪದ ಮುಂದೆ ಕೂತು ಅಳುವ ದೃಶ್ಯ, ನಾನು ಹಿಂದೆ ಬಾಗಿಲಲ್ಲಿ ನಿಂತಿರಬೇಕು. ಆಕೆಯ ಸೆರಗು ದೀಪದ ಕುಡಿಯ ಹತ್ತಿರ ಹತ್ತಿರ ಹೋಗುತ್ತಿತ್ತು. ತಡೆಯಲಾಗದೆ "ಅಮ್ಮಾ, ಸೆರಗು!" ಎಂದು ಕೂಗಿಬಿಟ್ಟೆ. ಆಕೆ ಬೆಚ್ಚಿ ಎದ್ದರು, ದೀಪ ಉರುಳಿತು, ಟೇಕು ಹಾಳಾಯಿತು. ಸೆರಗಿಗೆ ಏನೂ ಆಗಿರಲಿಲ್ಲ. ನಿರ್ದೇಶಕರು ಹತ್ತಿರ ಬಂದು, ಬೈಯಲಿಲ್ಲ, ಮೆಲ್ಲಗೆ ಕೇಳಿದರು: "ಈ ಸೆಟ್ಟಲ್ಲಿ ಕಟ್ ಹೇಳೋನು ಯಾರಯ್ಯಾ?" ನಾನು "ತಾವು ಸರ್" ಅಂದೆ. "ಹಾಗಾದ್ರೆ ಟೋಪಿ ಬಿಚ್ಚಿಟ್ಟು ಹೋಗು" ಅಂದರು. ಆರು ತಿಂಗಳು ಯಾರೂ ಕರೆಯಲಿಲ್ಲ. ಶಾಟು ಕೆಡಿಸುವವನು ಎಂದು ಹೆಸರು ಬಂದಿತ್ತು. ಆಮೇಲೆ ಮೈಮೇಲೆ ಚೇಳು ಹರಿದರೂ ಕಟ್ ಹೇಳುವ ತನಕ ನಾನು ಅಲ್ಲಾಡಿದವನಲ್ಲ.

ಆ ಆರು ತಿಂಗಳಲ್ಲಿ ನನ್ನ ಕೈಹಿಡಿದವರು ವೀರಣ್ಣ. ತೊಗರ್ಸಿ ಕಡೆಯ ಒಕ್ಕಲು ಮನೆಯವರು, ನಾಟಕ ಕಂಪನಿಯಲ್ಲಿ ಹಾಡಿಕೊಂಡಿದ್ದು ಸಿನಿಮಾಕ್ಕೆ ಬಂದವರು. ಆಳು ದೊಡ್ಡ, ದನಿ ದೊಡ್ಡ. "ನಮ್ಮ ಸೀಮೆ ಹುಡುಗ ರೀ, ಒಂದು ಸಲ ತಪ್ಪು ಮಾಡ್ಯಾನ, ಸಾಯ್ಸಬ್ಯಾಡ್ರಿ" ಎಂದು ಮ್ಯಾನೇಜರುಗಳ ಹತ್ತಿರ ನನ್ನ ಪರವಾಗಿ ಮಾತಾಡಿ ಪಾತ್ರ ಕೊಡಿಸಿದರು. ನಾನು ಉಂಡ ಅನ್ನದಲ್ಲಿ ಅವರ ಪಾಲಿದೆ.

ಸಿನಿಮಾದವರಲ್ಲಿ ಒಂದು ಪದ್ಧತಿ ಇದೆ, ಹೊಸಬರು ತಿಳಿದುಕೊಳ್ಳಿ. ಸಾಯುವ ದೃಶ್ಯ ಮಾಡಿದವನು ಶಾಟು ಮುಗಿದ ಕೂಡಲೇ ಕ್ಯಾಮೆರಾ ನೋಡಿ ನಗಬೇಕು. ಕಟ್ ಎಂದರೂ ಕ್ಯಾಮೆರಾ ನಿಲ್ಲಿಸದೆ ಆ ನಗುವನ್ನೂ ಶೂಟ್ ಮಾಡುತ್ತಾರೆ, ಆಮೇಲೆ ಎಡಿಟಿಂಗಿನಲ್ಲಿ ಕತ್ತರಿಸಿ ತೆಗೆಯುತ್ತಾರೆ. ನಗದೆ ಎದ್ದರೆ ಆ ಸಾವು ಮೈಗೆ ಅಂಟುತ್ತದೆ ಎಂದು ನಂಬಿಕೆ. ವೀರಣ್ಣನಿಗೆ ಇದು ಆಟ. ಕಟ್ ಹೇಳಿದ ಮೇಲೂ ಉಸಿರು ಬಿಗಿಹಿಡಿದು ಸತ್ತೇ ಮಲಗಿರುತ್ತಿದ್ದರು. ಎಲ್ಲರೂ "ನಗ್ರೀ ವೀರಣ್ಣ, ನಗ್ರೀ" ಎಂದು ಗೋಗರೆದ ಮೇಲೆ ಒಂದು ಕಣ್ಣು ಮಾತ್ರ ತೆರೆದು, ಹೋ ಎಂದು ನಗುತ್ತಿದ್ದರು. ಆದರೆ ಶಾಂತಕ್ಕನಿಗೆ ಅದು ಆಟವಾಗಿರಲಿಲ್ಲ. ಗಂಡ ಊರಿಗೆ ಬಂದರೆ ಕಾಲಿಗೆ ನೀರು ಕೊಡುವ ಮುಂಚೆಯೇ ಕೇಳುತ್ತಿದ್ದರು: "ನಕ್ಕು ಬಂದೀರೋ ಇಲ್ಲೋ?" ಒಂದು ಸಲ ನಾನೂ ಜೊತೆಗಿದ್ದೆ. "ಇವನ್ನ ಕೇಳು, ಇವನೇ ಡಾಕ್ಟರು" ಎಂದು ವೀರಣ್ಣ ನನ್ನನ್ನು ಮುಂದೆ ತಳ್ಳಿದರು. "ನಕ್ಕರು ಅಕ್ಕ, ನಾನೇ ನೋಡಿದೀನಿ" ಅಂದೆ. ಅಂದು ಹೇಳಿದ್ದು ನಿಜ.

ಆಮೇಲೆ ರೀಲು ಹೋಗಿ ಡಿಜಿಟಲ್ ಬಂತು. ಕೆಲಸ ಹಗುರಾಯಿತು, ನಿಜ. ಮಾತು ಹೇಳಿಕೊಡುವ ಪ್ರಾಂಪ್ಟರು ಹೋದರು, ಶಾಟನ್ನು ಅಲ್ಲೇ ನೋಡುವ ಮಾನಿಟರ್ ಬಂತು. ಆದರೆ ನಿರ್ದೇಶಕರು ಕಟ್ ಹೇಳುವುದನ್ನೇ ಮರೆತರು. ರೀಲಿನಲ್ಲಿ ಸಾವೆಂದರೆ ಒಂದು ಉಸಿರು, ಒಂದು ತಲೆ ವಾಲುವುದು, ಕಟ್. ಈಗ ಸುಮ್ಮನೆ ಓಡಿಸುತ್ತಾರೆ. "ಇರಲಿ, ರೋಲಿಂಗ್ ಇರಲಿ, ಏನಾದ್ರೂ ಸಿಗುತ್ತೆ." ನಾವು ಹಳಬರು ಮಾತ್ರ ರೀಲಿನ ಭಯವನ್ನು ಎದೆಯಲ್ಲಿಟ್ಟುಕೊಂಡೇ ಇವರ ಮುಂದೆ ಕೂತಿರುತ್ತಿದ್ದೆವು.

ಇದು ಮೂರ್ನಾಲ್ಕು ವರ್ಷದ ಹಿಂದಿನ ಮಾತು. ಆ ದಿನ ಶೂಟಿಂಗ್ ಇದ್ದದ್ದು ಬಳ್ಳಿಗಾವಿ ಆಚೆಯ ಒಂದು ಹಳೇ ಮನೆಯಲ್ಲಿ. ವೀರಣ್ಣನಿಗೆ ಆಗಲೇ ಎಪ್ಪತ್ತರ ಹತ್ತಿರ, ಪಾತ್ರ ಒಪ್ಪಿಕೊಳ್ಳುವುದನ್ನು ಕಮ್ಮಿ ಮಾಡಿದ್ದರು. ಮನೆಯ ಹತ್ತಿರವೇ ಎಂದು ಇದಕ್ಕೆ ಬಂದಿದ್ದರು. ಬೆಳಗ್ಗೆ ಇಡ್ಲಿ ಅರ್ಧಕ್ಕೇ ಬಿಟ್ಟು ಬೆನ್ನು ನೋವೆಂದರು. "ಪಿತ್ತ ಇರಬೇಕು ಬಿಡೋ" ಎಂದು ಅವರೇ ಹೇಳಿಕೊಂಡರು.

ಪಡಸಾಲೆಯಲ್ಲಿ ಮಂಚ. ಮಂಚದ ಮೇಲೆ ಹೀರೋನ ತಂದೆ ವೀರಣ್ಣ, ಪಕ್ಕದ ಸ್ಟೂಲಿನ ಮೇಲೆ ಊರ ಡಾಕ್ಟರು ನಾನು. ಹೀರೋ ಬಾಗಿಲಿಂದ ಓಡಿಬಂದು ತಂದೆಯ ಕಾಲ ಮೇಲೆ ಬಿದ್ದು ಅಳಬೇಕು. ನಿರ್ದೇಶಕರು ನನಗೆ ಹೇಳಿದ್ದು ಇಷ್ಟೇ: "ನಾನು ಕೈ ತೋರಿಸೋ ತನಕ ನಾಡಿ ಬಿಡಬೇಡಿ. ಕೈ ತೋರಿಸಿದ ಮೇಲೆ ಬಿಟ್ಟು ತಲೆ ತಗ್ಗಿಸಿ." ರಿಹರ್ಸಲಿನಲ್ಲಿ ನಾಡಿ ಹಿಡಿದೆ. ಎರಡು ಹೆಜ್ಜೆ ಓಡುತ್ತಿತ್ತು, ಒಂದು ಹೆಜ್ಜೆ ತಪ್ಪುತ್ತಿತ್ತು.

"ವೀರಣ್ಣ, ನಾಡಿ ಕುಂಟ್ತಾ ಅದೆಯಲ್ರೀ."

"ಈ ವಯಸ್ಸಿಗೆ ಕಾಲೇ ಕುಂಟ್ತಾವ, ನಾಡಿ ಕುಂಟಿದ್ರೆ ಏನು ಮಹಾ. ಸುಮ್ನೆ ಹಿಡ್ಕಂಡು ಕುಂದ್ರು, ಡಾಕ್ಟರ್ ಸಾಹೇಬ."

ನಾನೂ ನಕ್ಕು ಸುಮ್ಮನಾದೆ.

ಟೇಕ್ ಶುರುವಾಯಿತು. ವೀರಣ್ಣ ತಮ್ಮ ಕೊನೆಯ ಮಾತು ಹೇಳಿದರು. ಎದೆ ಎತ್ತಿ ಒಂದು ಉಸಿರು ಎಳೆದರು, ತಲೆ ವಾಲಿಸಿದರು. ಅಲ್ಲಿಯವರೆಗೆ ಅದು ನಟನೆ, ಏಕೆಂದರೆ ನನ್ನ ಬೆರಳಡಿ ನಾಡಿ ಇತ್ತು. ಹೀರೋ ಓಡಿಬಂದು ಕಾಲ ಮೇಲೆ ಬಿದ್ದ. ಅಳತೊಡಗಿದ. ಆಗ ನಾಡಿ ಗಡಬಡಿಸಿತು, ಎರಡು ಸಲ ಮಿಡಿಯಿತು, ನಿಂತಿತು. ನಾನು ಬೆರಳು ಒತ್ತಿದೆ. ಸ್ವಲ್ಪ ಮೇಲೆ ಜರುಗಿಸಿ ಒತ್ತಿದೆ. ಇರಲಿಲ್ಲ.

ನನಗೆ ಗೊತ್ತಾಯಿತು. ಇದನ್ನು ನೆಟ್ಟಗೆ ಬರೆಯುತ್ತೇನೆ. ಅನುಮಾನ ಬಂತು, ಗೊಂದಲವಾಯಿತು ಎಂದೆಲ್ಲ ಅಲ್ಲ, ಗೊತ್ತಾಯಿತು. ತಲೆ ಎತ್ತಿ ಒಂದು ಸಲ ನಿರ್ದೇಶಕರ ಕಡೆ ನೋಡಿದೆ. ಅವರು ಮಾನಿಟರಿಗೆ ಮೂಗು ಹಚ್ಚಿಕೊಂಡು ಕೂತಿದ್ದರು, ಕೈ ತೋರಿಸಲಿಲ್ಲ. ಕೂಗಲು ಹೊರಟವನು ಲೆಕ್ಕ ಹಾಕತೊಡಗಿದೆ. ಹುಡುಗ ಚೆನ್ನಾಗಿ ಅಳುತ್ತಿದ್ದಾನೆ, ಟೇಕ್ ಕೆಟ್ಟರೆ ನನ್ನ ಮೇಲೆ ಬರುತ್ತದೆ, ವೀರಣ್ಣ ಆಟ ಆಡುತ್ತಿದ್ದರೆ ನಾನು ನಗೆಪಾಟಲಾಗುತ್ತೇನೆ. ಥೂ, ನಾಡಿಯಲ್ಲಿ ಯಾರಾದರೂ ಆಟ ಆಡಲು ಆಗುತ್ತದೆಯೇ? ಆದರೂ ಹಾಗೇ ಅಂದುಕೊಂಡು ಕೂತೆ. ಹೀರೋ ಅತ್ತ, ಅತ್ತ, ಅಪ್ಪಾ ಅಪ್ಪಾ ಎಂದು ಕಾಲು ಅಲುಗಿಸಿದ. ಕ್ಯಾಮೆರಾ ಓಡುತ್ತಲೇ ಇತ್ತು. ಕೊನೆಗೆ ನಿರ್ದೇಶಕರ ಕೈ ಎದ್ದಿತು. ಅವರು ಹೇಳಿಕೊಟ್ಟ ಹಾಗೆಯೇ ನಾನು ಮಣಿಕಟ್ಟು ಬಿಟ್ಟು ತಲೆ ತಗ್ಗಿಸಿದೆ.

ಕಟ್. ಚಪ್ಪಾಳೆ. ಆಮೇಲೆ ಎಲ್ಲರೂ ನಗುವಿಗೆ ಕಾದರು. "ನಗ್ರೀ ವೀರಣ್ಣ!" ಅಂದರು. "ಏ, ಇವರದ್ದು ಯಾವಾಗ್ಲೂ ಇದೇ ಆಟ ಮಾರಾಯ್ರೆ" ಎಂದು ಮೇಕಪ್ಪಿನವರು ನಕ್ಕರು. ಅವರ ನಗು ನೋಡಿ ಇನ್ನೂ ಇಬ್ಬರು ನಕ್ಕರು. ಒಬ್ಬ ಅಸಿಸ್ಟೆಂಟು ಪಾದಕ್ಕೆ ಕಚಗುಳಿ ಇಟ್ಟ. ಅಷ್ಟಾದ ಮೇಲೆ ನಾನು ಬಾಯಿಬಿಟ್ಟೆ. "ಇಲ್ಲ. ನಾಡಿ ಇಲ್ಲ" ಅಂದೆ.

ಕಾರಿನಲ್ಲಿ ಹಾಕಿಕೊಂಡು ಶಿಕಾರಿಪುರಕ್ಕೆ ಹೊಡೆದೆವು. ಆಸ್ಪತ್ರೆಯಲ್ಲಿ ಹುಡುಗಿ ವಯಸ್ಸಿನ ಡಾಕ್ಟರಮ್ಮ ಎದೆ ಒತ್ತಿ ಒತ್ತಿ ಬೆವರಿದರು. ಕೊನೆಗೆ ನಮ್ಮ ಕಡೆ ತಿರುಗಿ, "ನಾಡಿ ನಿಂತಾಗ ಜೊತೆಗೆ ಯಾರಿದ್ರಿ? ಆಗಲೇ ಎದೆ ಒತ್ತೋಕೆ ಶುರು ಮಾಡಿದ್ರಾ?" ಎಂದು ಕೇಳಿದರು. ನಾನು ಇನ್ನೂ ಬಿಳಿ ಕೋಟಿನಲ್ಲೇ ಇದ್ದೆ, ಕೊರಳಲ್ಲಿ ಸ್ಟೆತಾಸ್ಕೋಪು. "ಶಾಟ್ ಮುಗಿದ ಮೇಲೆ ನಿಂತಿದ್ದು ಮೇಡಂ, ಕೂಡಲೇ ಕರ್ಕಂಡು ಬಂದ್ವಿ" ಅಂದೆ. ಅದು ಮೊದಲನೇ ಸುಳ್ಳು. ಆಗಲೇ ಕೂಗಿದ್ದರೆ ಉಳಿಯುತ್ತಿದ್ದರೋ ಇಲ್ಲವೋ, ಯಾರೂ ಹೇಳಲಾರರು. ಉಳಿಯಲು ಒಂದು ದಾರಿ ಇದ್ದಿದ್ದರೆ ಅದು ನನ್ನ ಬಾಯಲ್ಲಿತ್ತು.

ಶಾಂತಕ್ಕ ಬಂದರು. ಹೆಣ ನೋಡುವ ಮೊದಲು ನನ್ನ ತೋಳು ಹಿಡಿದುಕೊಂಡರು. "ನಾಗರಾಜ, ನಕ್ಕಿದ್ರೇನೋ?"

"ನಕ್ಕರು ಅಕ್ಕ. ಕಣ್ಣು ಬಿಟ್ಟು ಚೆನ್ನಾಗಿ ನಕ್ಕರು. ಆಮೇಲೆ ನೀರು ಕೇಳಿದರು, ಅಷ್ಟರಲ್ಲಿ ಹೋದರು."

ಅದು ಎರಡನೇ ಸುಳ್ಳು. ಅವರ ಸಮಾಧಾನಕ್ಕೆ ಹೇಳಿದೆ ಎಂದು ಬಹಳ ದಿನ ನಂಬಿಕೊಂಡಿದ್ದೆ. ನೀರು ಕೇಳಿದರು ಎಂಬುದನ್ನು ಯಾಕೆ ಸೇರಿಸಿದೆ? ನನ್ನನ್ನು ಉಳಿಸಿಕೊಳ್ಳಲು.

ಆ ಶಾಟನ್ನು ಸಿನಿಮಾದಲ್ಲಿ ಇಟ್ಟುಕೊಂಡರು. ಮೊದಲಿಗೆ ವೀರಣ್ಣನ ಫೋಟೋ ಹಾಕಿ ನಮನ ಎಂದು ಬರೆದರು, ಅಷ್ಟಕ್ಕೆ ಅವರ ಋಣ ತೀರಿತು. ನೋಡಿದವರು ನನ್ನನ್ನೂ ಹೊಗಳಿದರು. ನಾಡಿ ನಿಂತಾಗ ಡಾಕ್ಟರು ತಲೆ ಎತ್ತಿ ನೋಡುವ ಆ ನೋಟ ಇದೆಯಲ್ಲ, ಎಂಥ ಅಭಿನಯ ರೀ ಎಂದರು. ಮೂವತ್ತು ವರ್ಷದಲ್ಲಿ ನನ್ನ ನೋಟವನ್ನು ಯಾರಾದರೂ ಗಮನಿಸಿದ್ದು ಅದೊಂದೇ ಸಲ. ಅದಾದ ಮೇಲೆ ನಾನು ಯಾವ ಪಾತ್ರವನ್ನೂ ಒಪ್ಪಿಕೊಳ್ಳಲಿಲ್ಲ.

ಸಿನಿಮಾ ಮೊಬೈಲಿಗೆ ಬಂದ ಮೇಲೆ ಯಾರೋ ಶಾಂತಕ್ಕನಿಗೆ ಆ ಭಾಗ ಹಾಕಿಕೊಟ್ಟರು. ತಿಂಗಳಿಗೊಮ್ಮೆ ಅವರನ್ನು ನೋಡಿಕೊಂಡು ಬರುವ ಪರಿಪಾಠ ನನಗಿತ್ತು. ಹೋದಾಗ ಕೇಳಿದರು: "ಇದರಾಗೆ ನಗೋದು ಇಲ್ಲಲ್ಲೋ. ಕತ್ತರಿಸಿ ತೆಗೀತಾರಂತಲ್ಲ, ಆ ತುಂಡು ಇಟ್ಟಿರ್ತಾರೇನು? ನಿನಗೆ ಅಲ್ಲಿ ಜನ ಅದಾರ. ಅದೊಂದು ತಂದುಕೊಡು. ಸತ್ತಿದ್ದು ನೋಡಿ ನೋಡಿ ಸಾಕಾಗೇತಿ, ನಕ್ಕಿದ್ದು ನೋಡ್ತೀನಿ."

"ಕೇಳ್ತೀನಿ ಅಕ್ಕ" ಅಂದೆ. ಮುಂದಿನ ಸಲ, ಎಡಿಟರ್ ಊರಲ್ಲಿಲ್ಲ ಅಂದೆ. ಅದರ ಮುಂದಿನ ಸಲ, ಕಂಪ್ಯೂಟರ್ ಕೆಟ್ಟಿದೆ ಅಂದೆ. ಅವರು ಒಮ್ಮೆಯೂ ಗದರಿಸಲಿಲ್ಲ. "ನಿನಗೂ ಓಡಾಟ ಕಷ್ಟ, ಉಂಡು ಹೋಗು" ಎಂದು ರೊಟ್ಟಿ ತಟ್ಟುತ್ತಿದ್ದರು. ನಾನು ಉಂಡು ಬರುತ್ತಿದ್ದೆ. ಹೋಗದೆ ಇದ್ದುಬಿಡೋಣ ಎಂದರೆ ಹೋಗದಿದ್ದರೆ ಅನುಮಾನ ಬಂದೀತು ಎಂಬ ಭಯ. ಹೀಗೆ ಎರಡು ವರ್ಷ.

ನಿಜವಾಗಿ ನಾನು ಎಡಿಟರನ್ನು ಕೇಳಿದ್ದೆ. ಅವನು ಒಳ್ಳೆಯವನು, ಕತ್ತರಿಸದ ಇಡೀ ತುಂಡನ್ನು ಕಳಿಸಿಕೊಟ್ಟ. ಒಂದೇ ಒಂದು ಸಲ ನೋಡಿದೆ. ಜನ ನಗ್ರೀ ನಗ್ರೀ ಅನ್ನುತ್ತಾರೆ, ಪಾದಕ್ಕೆ ಕಚಗುಳಿ ಇಡುತ್ತಾರೆ. ಮಂಚದ ಪಕ್ಕ ಬಿಳಿ ಕೋಟಿನವನೊಬ್ಬ ಎಲ್ಲ ಗೊತ್ತಿದ್ದೂ ತಲೆ ತಗ್ಗಿಸಿಕೊಂಡು ಕೂತಿರುತ್ತಾನೆ.

ಹುಡುಗರೇ, ನಿಮಗೆ ನಾನು ಹೇಳಬೇಕಾಗಿದ್ದ ಮಾತು ಇದು. ಪಕ್ಕದವನ ಮೈಗೆ ಏನೋ ಆಗುತ್ತಿದೆ ಎನಿಸಿದರೆ ಕೂಗಿ. ಟೇಕ್ ಹಾಳಾಗಲಿ, ಪಾತ್ರ ಹೋಗಲಿ, ಏನೂ ಆಗಿರಲಿಲ್ಲ ಎಂದು ತಿಳಿದು ಎಲ್ಲರೂ ನಗಲಿ. ನಾನು ಮೊದಲನೇ ಸಲ ಕೂಗಿದ್ದೇ ಸರಿ ಇತ್ತು. ಅದನ್ನು ತಪ್ಪು ಎಂದು ಕಲಿತದ್ದು ನನ್ನ ತಪ್ಪು.

ನೀವು ಬಂದುಹೋದ ಮರುವಾರ ತೊಗರ್ಸಿ ಕಡೆ ಹೋದೆ. ಮಧ್ಯಾಹ್ನ. ಶಾಂತಕ್ಕ ತಾಟು ಇಟ್ಟು ಬಿಸಿ ರೊಟ್ಟಿ, ಬದನೆಕಾಯಿ ಪಲ್ಯ ಬಡಿಸಿದರು. ಎರಡು ತುತ್ತು ತಿಂದೆ. ಮೂರನೆಯದು ಕೈಯಲ್ಲೇ ಉಳಿಯಿತು.

"ಅಕ್ಕ, ಆ ತುಂಡು ಇಲ್ಲ. ಅವರು ನಗಲಿಲ್ಲ."

ಅವರು ಒಲೆಯ ಮುಂದಿನಿಂದ ತಿರುಗಿದರು.

"ಮತ್ತೆ ಕಣ್ಣು ಬಿಟ್ಟರು, ನೀರು ಕೇಳಿದರು ಅಂದಿ?"

"ಸುಳ್ಳು ಹೇಳಿದೆ. ಶಾಟ್ ನಡೀವಾಗ್ಲೇ ನಾಡಿ ನಿಂತಿತ್ತು. ನನ್ನ ಕೈಯಾಗೆ ನಿಂತಿತು."

"ಗೊತ್ತಾತೇನು ನಿನಗೆ?"

"ಗೊತ್ತಾಯ್ತು."

"ಗೊತ್ತಾಗಿನೂ ಸುಮ್ನೆ ಕುಂತೆ."

"ಕುಂತೆ ಅಕ್ಕ. ನಿರ್ದೇಶಕರು ಕೈ ಎತ್ತೋ ತನಕ ಕುಂತೆ."

ಹಂಚಿನ ಮೇಲಿನ ರೊಟ್ಟಿ ಹೊತ್ತುತ್ತಿತ್ತು. ಅವರು ಅದನ್ನು ತೆಗೆದು ಪಕ್ಕಕ್ಕಿಟ್ಟರು, ಒಲೆ ಆರಿಸಿದರು, ಬಂದು ನನ್ನ ಎದುರಿಗೆ ನೆಲದ ಮೇಲೆ ಕೂತರು. ಅಳಲಿಲ್ಲ. ಬೈದಿದ್ದರೆ ನಾನು ಕಾಲು ಹಿಡಿಯಬಹುದಿತ್ತು, ಅದಕ್ಕೂ ಅವಕಾಶ ಕೊಡಲಿಲ್ಲ.

"ಎರಡು ವರ್ಷ ಇಲ್ಲದ ನಗೀಗೆ ಕಾಯ್ಕಂತ ಕುಂತಿದ್ದೆ ನಾನು" ಅಂದರು. "ನೀನು ಇಲ್ಲೇ ಕುಂತು ಉಂಡು ಹೋಗ್ತಿದ್ದೆ."

ನಾನು ತಾಟು ಸರಿಸಿ ಏಳಲು ಹೋದೆ.

"ಕುಂದ್ರು. ತಾಟಿನಾಗ ಬಿಟ್ಟು ಏಳಬ್ಯಾಡ. ಬಡಿಸಿದ್ದು ಪೂರ್ತಿ ಉಣ್ಣು. ಉಂಡು ಎದ್ದು ಹೋಗು, ಇನ್ನ ಈ ಮನಿಗೆ ಬರಬ್ಯಾಡ."

ನಾನು ಉಂಡೆ. ನೀರು ಕುಡಿದು ಕುಡಿದು ರೊಟ್ಟಿ ಇಳಿಸಿದೆ. ಕೊನೆಯ ತುತ್ತಿನವರೆಗೂ ಅವರು ಎದುರಿಗೇ ಕೂತು ನೋಡುತ್ತಿದ್ದರು.